ಪದಕದ ಸಂಖ್ಯೆ ಹಿಡಿದು ಮೈಸೂರು ಲ್ಯಾನ್ಸರ್ಸ್ ಸವಾರರನ್ನು ಪತ್ತೆಹಚ್ಚಿದ ಬಗೆ

ಮೊದಲ ಮಹಾಯುದ್ಧಕ್ಕೆ ಹೋದ, ಮೈಸೂರು ಸಂಸ್ಥಾನದ ಕುದುರೆ ದಳವಾದ ಮೈಸೂರು ಲ್ಯಾನ್ಸರ್ಸ್‌ನ ಸವಾರರಲ್ಲಿ ಮಡಿದವರನ್ನು ಹುಡುಕಬಹುದು, ಬದುಕಿ ಮರಳಿದವರನ್ನು ಹುಡುಕಲಾಗದು ಎಂಬ ಅಭಿಪ್ರಾಯ ಹಳೆಯ ಪದಕ, ಸೇನಾ ದಾಖಲೆ ಹುಡುಕುವ ನಮ್ಮ ಹವ್ಯಾಸಿಗಳಲ್ಲಿ ಬಹುಕಾಲದಿಂದ ಇದೆ. ಮಡಿದವರಿಗೆ ಬೆಂಗಳೂರಿನ ಜೆ.ಸಿ. ನಗರದಲ್ಲಿ ಸ್ಮಾರಕವಿದೆ, ಕಾಮನ್‌ವೆಲ್ತ್ ಯುದ್ಧ ಸಮಾಧಿ ಆಯೋಗದ ದಾಖಲೆಯಿದೆ. ಮರಳಿ ಬಂದು ಊರಿನಲ್ಲಿ ಹೊಲ ಉತ್ತವನಿಗೆ ಇವೆರಡೂ ಇಲ್ಲ. ಪ್ರತಿ ಸವಾರನಿಗೂ ದಳ ಕೊಟ್ಟ ಸೇವಾ ಸಂಖ್ಯೆಗಳನ್ನು ಭರ್ತಿಯ ಕಾಲಕ್ಕೆ ತಕ್ಕಂತೆ ಜೋಡಿಸಿದರೆ ಇವರನ್ನೂ ಹಿಡಿಯಬಹುದೆಂದು ನಾನು ಹೇಳಿದಾಗ, ಸಂಸ್ಥಾನದ ಪಡೆಗಳ ಸಂಖ್ಯೆಗಳಿಗೆ ಅಂಥ ಶಿಸ್ತೇ ಇರಲಿಲ್ಲವೆಂದು ಬಲ್ಲವರೇ ತಳ್ಳಿಹಾಕಿದರು. ಈಗ ಕೆಲವು ಕುಟುಂಬಗಳ ಮಟ್ಟಿಗೆ ಆ ದಾರಿ ಫಲ ಕೊಟ್ಟಿದೆ.

ಹೆಸರು ಹಿಡಿದು ಹುಡುಕುವ ಹಳೆಯ ದಾರಿಯಲ್ಲಿ ಹಣವೂ ಹೋಯಿತು, ಎರಡು ಮೂರು ವರ್ಷಗಳೂ ಹೋದವು. ಒಂದೇ ಹೆಸರಿನ ಸವಾರರು ಹಲವರು. ತಂದೆಯ ಹೆಸರು ಒಂದು ಕಡೆ ಇದ್ದರೆ ಇನ್ನೊಂದು ಕಡೆ ಇಲ್ಲ. ಪತ್ರಾಗಾರದ ಕಡತಗಳ ಪ್ರತಿಗಳಿಗೆ, ಕೋಲಾರ ಮತ್ತು ತುಮಕೂರು ಕಡೆಯ ಓಡಾಟಕ್ಕೆ, ವಿದೇಶದಿಂದ ತರಿಸಿದ ಸ್ಕ್ಯಾನ್‌ಗಳಿಗೆ ಸೇರಿ ಅಂದಾಜು ನಲವತ್ತು ಸಾವಿರ ರೂಪಾಯಿ ಕೈಬಿಟ್ಟಿತು. ಅದರಿಂದ ಒಬ್ಬನೇ ಒಬ್ಬ ಸವಾರನ ಗುರುತೂ ಖಚಿತವಾಗಲಿಲ್ಲ.

ದಾರಿ ತೆರೆದದ್ದು 1914-15ರ ಸ್ಟಾರ್ ಪದಕದಿಂದ. ನಮ್ಮವರೆಲ್ಲ ಬೆಳ್ಳಿಯ ಬ್ರಿಟಿಷ್ ವಾರ್ ಮೆಡಲ್ ಹುಡುಕುತ್ತಾರೆ. ಆದರೆ ನಾನು ಹೋದ ಮನೆಗಳಲ್ಲಿ ಅದು ಬಹುಪಾಲು ಎಂದೋ ಅಕ್ಕಸಾಲಿಗರ ಮೂಸೆಗೆ ಹೋಗಿತ್ತು. ಸ್ಟಾರ್ ಕಂಚಿನದು; ಕರಗಿಸಿದರೆ ಕಾಸು ಹುಟ್ಟದ ಕಾರಣಕ್ಕೇ ಅದು ಉಳಿದಿದೆ. ಅದರ ಬೆನ್ನಿನ ಮೇಲೆ ಸಂಖ್ಯೆ, ಹುದ್ದೆ, ಹೆಸರು, ದಳ ಎಲ್ಲವೂ ಅಚ್ಚಾಗಿರುತ್ತವೆ. ಮೇಲಾಗಿ 1915ರ ಡಿಸೆಂಬರ್ 31ರೊಳಗೆ ಯುದ್ಧರಂಗಕ್ಕೆ ಕಾಲಿಟ್ಟವರಿಗೆ ಮಾತ್ರ ಅದು ಸಲ್ಲುತ್ತಿತ್ತು. ನಮ್ಮ ದಳ 1914ರಲ್ಲೇ ಹಡಗು ಹತ್ತಿ ಈಜಿಪ್ಟಿಗೆ ಹೋಗಿ ಸೂಯೆಜ್ ಕಾಲುವೆಯ ಕಾವಲಿಗೆ ನಿಂತಿದ್ದರಿಂದ, ಮೊದಲ ತಂಡದವರಿಗೆ ಸ್ಟಾರ್ ಇದೆ, 1916ರಿಂದ ಮುಂದೆ ಕುಮಕಾಗಿ ಹೋದವರಿಗೆ ಇಲ್ಲ. ಹೀಗೆ ಪದಕ ಇರುವುದೂ ಇಲ್ಲದಿರುವುದೂ ಕಾಲವನ್ನು ಹೇಳುತ್ತದೆ.

ಇದಾದ ಮೇಲೆ ಒಂದು ಉದ್ದ ಪುಸ್ತಕದಲ್ಲಿ ಸಂಖ್ಯೆಗಳ ಪಟ್ಟಿ ಆರಂಭಿಸಿದೆ. ಯಾವ ಮನೆಯಲ್ಲಾದರೂ ಬಿಡುಗಡೆ ಪತ್ರ ಸಿಕ್ಕರೆ ಅದರಲ್ಲಿ ಸಂಖ್ಯೆಯ ಜೊತೆಗೆ ಭರ್ತಿಯಾದ ದಿನಾಂಕವೂ ಇರುತ್ತದೆ. ಅಂಥವು ನನ್ನ ಗೂಟಗಳು. ಎರಡು ಗೂಟಗಳ ನಡುವೆ ಬೀಳುವ ಸಂಖ್ಯೆಯ ಸವಾರ ಆ ಎರಡು ದಿನಾಂಕಗಳ ನಡುವೆ ಸೇರಿರಬೇಕು. ಆಗ ಪತ್ರಾಗಾರದಲ್ಲಿ ಇಪ್ಪತ್ತು ವರ್ಷಗಳ ಕಡತ ತೆರೆಯುವ ಬದಲು ಒಂದೆರಡು ವರ್ಷಗಳದ್ದು ತೆರೆದರೆ ಸಾಕು. ಸಂಖ್ಯೆಗೆ ಶಿಸ್ತಿಲ್ಲ ಎಂಬ ಆಕ್ಷೇಪಕ್ಕೂ ಇಲ್ಲೇ ಪರೀಕ್ಷೆ ಸಿಕ್ಕಿತು: ಸ್ಟಾರ್ ಇರುವವರ ಸಂಖ್ಯೆಗಳು ಇಲ್ಲದವರ ಸಂಖ್ಯೆಗಳಿಗಿಂತ ಚಿಕ್ಕವಾಗಿರಬೇಕು. ನನ್ನ ಪಟ್ಟಿಯಲ್ಲಿ ಹತ್ತಕ್ಕೆ ಒಂಬತ್ತು ಹಾಗೆಯೇ ಇವೆ. ಉಳಿದವರು, ನನ್ನ ಅಂದಾಜಿನಂತೆ, ಮೊದಲೇ ಸೇರಿದ್ದರೂ ಬೆಂಗಳೂರಿನಲ್ಲೇ ಉಳಿದು ತಡವಾಗಿ ಹೊರಟವರು. ಬಿಟ್ಟುಹೋದ ಸಂಖ್ಯೆಯನ್ನು ಮತ್ತೊಬ್ಬನಿಗೆ ಕೊಟ್ಟಿದ್ದರೆ ಅದನ್ನು ಗುರುತಿಸುವ ಉಪಾಯವೂ ನನ್ನ ಬಳಿ ಇದೆ. ಪಟ್ಟಿ ಪೂರ್ಣವಾಗುವವರೆಗೆ ಅದು ನನ್ನಲ್ಲೇ ಇರಲಿ.

ಕೋಲಾರದ ಕಡೆಯ ಒಂದು ಮನೆಯಲ್ಲಿ ಪಹಣಿ, ಪಡಿತರ ಚೀಟಿಗಳ ಜೊತೆ ಬಿಸ್ಕತ್ತಿನ ಡಬ್ಬಿಯಲ್ಲಿದ್ದ ಸ್ಟಾರ್ ಸವೆದು, ಸಂಖ್ಯೆಯ ನಡುವಿನ ಅಂಕಿ 3ಓ 8ಓ ಎಂದು ತಿಳಿಯುತ್ತಿರಲಿಲ್ಲ. ಕೋಣೆ ಕತ್ತಲು ಮಾಡಿ, ಟಾರ್ಚನ್ನು ಪದಕದ ಮಟ್ಟಕ್ಕೇ ಮಲಗಿಸಿ, ಸುತ್ತ ತಿರುಗಿಸುತ್ತ ಫೋಟೋ ತೆಗೆದಾಗ ಎಡಬದಿಯ ಕೆಳಗಿನ ಬಾಗು ನೆರಳಾಗಿ ಮೂಡಿತು, ಅದು 8. ಆ ಒಂದು ಅಂಕಿಯಿಂದ ಹುಡುಕಾಟ ಬೇರೆ ವರ್ಷಕ್ಕೆ ಜರುಗಿತು, ಆ ವರ್ಷದ ಕಡತದಲ್ಲೇ ಅವರ ಅಜ್ಜ ಸಿಕ್ಕರು. ಪದಕಕ್ಕೆ ಹುಣಸೆಹಣ್ಣು, ಬೂದಿ ಹಚ್ಚಿ ತಿಕ್ಕಬೇಡಿರೆಂದು ಮನೆಯವರಿಗೆ ಮೊದಲು ಹೇಳಬೇಕು.

ಮಾರಾಟಗಾರರ ಮಾಲಿನ ವಿಷಯದಲ್ಲಿ ವರ್ನಿಯರ್ ಕ್ಯಾಲಿಪರ್ ಇಲ್ಲದೆ ವ್ಯವಹಾರ ಬೇಡ. ಬ್ರಿಟಿಷ್ ವಾರ್ ಮೆಡಲ್ ವ್ಯಾಸ 36 ಮಿಲಿಮೀಟರ್. ನನಗೆ ಆರೇಳು ಸಾವಿರಕ್ಕೆ ಮಾರಿದ ಪದಕದ ಅಂಚನ್ನು ಉಜ್ಜಿ ಹಳೆಯ ಹೆಸರು ಅಳಿಸಿ, ಬೆಲೆ ಏರಿಸಲೆಂದು ಮೈಸೂರು ದಳದ ಹೆಸರು ಕೆತ್ತಲಾಗಿತ್ತು. ವ್ಯಾಸ ಅಷ್ಟರಮಟ್ಟಿಗೆ ಕಡಿಮೆಯಾಗಿತ್ತು. ಹಣ ಮರಳಲಿಲ್ಲ.

ನಡುವೆ, ನಮ್ಮ ದಳ ಕಾದಿದ ಹೈಫಾದ (ಈಗಿನ ಇಸ್ರೇಲಿನ ಬಂದರು ಊರು) ಭೂಲಕ್ಷಣವನ್ನೂ ಪರೀಕ್ಷಿಸಿದೆ. 1918ರ ಸೆಪ್ಟೆಂಬರ್ 23ರಂದು ಜೋಧಪುರ ಸಂಸ್ಥಾನದ ಲ್ಯಾನ್ಸರ್ಸ್ ಸವಾರರು ಕಿಶೋನ್ ಹೊಳೆಯ ಕುಸಿಮರಳಿನಿಂದಾಗಿ ದಿಕ್ಕು ಬದಲಿಸಿ ಊರಿನತ್ತ ನುಗ್ಗಿದರು. ಅತ್ತ ಮೈಸೂರಿನ ಒಂದು ತುಕಡಿ ಕಾರ್ಮೆಲ್ ಬೆಟ್ಟ ಹತ್ತಿ ಮೇಲಿದ್ದ ಶತ್ರುಗಳ ಫಿರಂಗಿಗಳ ಮೇಲೆ ಬಿದ್ದಿತು. ಏರಿನಲ್ಲಿ ಕುದುರೆಗಳು ಕುಂಟಿ, ಕೊನೆಯ ದಾಳಿಗೆ ಉಳಿದ ಸವಾರರು ಹದಿನೈದರ ಸುಮಾರು. ಎತ್ತರದ ನಕ್ಷೆಯ ಮೇಲೆ ದಾರಿ ಎಳೆದು ನೋಡಿದರೆ ಇದರಲ್ಲಿ ಉತ್ಪ್ರೇಕ್ಷೆ ಕಾಣುವುದಿಲ್ಲ. ಕೆಲವೆಡೆ ಇಳಿದು ಲಗಾಮು ಹಿಡಿದೇ ನಡೆಸುವಷ್ಟು ಕಡಿದು. ಹೈಫಾ ಎಂದೊಡನೆ ನಿಲ್ಲುವವರು ಅಕ್ಟೋಬರ್ 26ರ ಹರಿತಾನ್ ಕಾಳಗವನ್ನೂ ನೋಡಬೇಕು. ಸಿರಿಯಾದ ಅಲೆಪ್ಪೊದ ಉತ್ತರಕ್ಕೆ ನಡೆದ ಆ ದಾಳಿಯಲ್ಲೂ ನಮ್ಮವರಿದ್ದರು.

ಈಗ ಉಳಿದಿರುವುದು ಕಂಚಿನ ಬ್ರಿಟಿಷ್ ವಾರ್ ಮೆಡಲ್‌ಗಳ ಕೆಲಸ. ಅವು ಕುದುರೆ ನೋಡಿಕೊಳ್ಳುವ ಸೈಸರು, ಅಡುಗೆಯವರು ಮುಂತಾಗಿ ದಳದ ಜೊತೆ ಹೋದ, ಸೈನಿಕರಲ್ಲದ ಅನುಯಾಯಿಗಳಿಗೆ ಸಂದವು. ಅವರ ಸಂಖ್ಯೆಗಳು ಸವಾರರ ಸರಣಿಯಲ್ಲಿ ಕೂರುವುದಿಲ್ಲ, ಆದ್ದರಿಂದ ಬೇರೆ ಪುಸ್ತಕ ತೆರೆದಿದ್ದೇನೆ. ಗೂಟ ನೆಡಲು ಇನ್ನೂ ಒಂದು ದಿನಾಂಕವೂ ಸಿಕ್ಕಿಲ್ಲ. ಕಪ್ಪಗಾದ ಇಂಥ ಪದಕ ಯಾರ ಮನೆಯಲ್ಲಿದ್ದರೂ ಅಂಚಿನ ಅಕ್ಷರಗಳನ್ನು ಬರೆದಿಟ್ಟುಕೊಳ್ಳಿ. ಜೊತೆಗೆ ಯಾವ ಕಾಗದವಿದ್ದರೂ ಬೇರ್ಪಡಿಸಬೇಡಿ.