ಒಂದೇ ತೂಕ, ಎರಡು ಭಾರ: ಮನೆಯಲ್ಲೇ ಮಾಡಿ ನೋಡಿ

ಅರ್ಧ ಲೀಟರಿನ ಒಂದು, ಎರಡು ಲೀಟರಿನ ಒಂದು ಪ್ಲಾಸ್ಟಿಕ್ ಡಬ್ಬಿ ತೆಗೆದುಕೊಳ್ಳಿ. ಅಕ್ಕಿ ಹಾಕಿ, ಅದು ಅಲುಗಾಡಿ ಸದ್ದಾಗದಂತೆ ಮೇಲೆ ಬಟ್ಟೆ ತುರುಕಿ, ಮುಚ್ಚಳ ಸೇರಿ ಎರಡೂ ಸರಿಯಾಗಿ 400 ಗ್ರಾಂ ತೂಗುವಂತೆ ಮಾಡಿ. ಒಳಗಿನದು ಕಂಡರೆ ಪ್ರಯೋಗ ಕೆಡುತ್ತದೆ. ಎರಡಕ್ಕೂ ಒಂದೇ ಬಗೆಯ ಕಾಗದ ಸುತ್ತಿ, ಹಿಡಿಯಲು ಒಂದೇ ಅಳತೆಯ ದಾರದ ಕುಣಿಕೆ ಕಟ್ಟಿ.

ಗೆಳೆಯರೊಬ್ಬರು ಒಂದೇ ಕೈಯಲ್ಲಿ ಒಂದಾದ ಮೇಲೊಂದನ್ನು ಎತ್ತಲಿ. ಚಿಕ್ಕದೇ ಭಾರ ಅನ್ನುತ್ತಾರೆ. ನೀವು ಅವರ ಮೊದಲ ಎತ್ತುವಿಕೆಯನ್ನೇ ಗಮನಿಸಿ: ದೊಡ್ಡದಕ್ಕೆ ಕೈ ಹೆಚ್ಚು ಬಲ ಹಾಕುವುದರಿಂದ ಡಬ್ಬಿ ಸರಕ್ಕನೆ ಮೇಲೇಳಬಹುದು. ನೋಡುವವರಿಗೆ ಭಾರದ ಸುಳಿವು ಸಿಗುವುದು ಇಂಥ ಚಲನೆಯಿಂದಲೇ.

ಹತ್ತಾರು ಸಲ ಎತ್ತಿಸಿ. ಬೆರಳುಗಳು ಬಲವನ್ನು ತಿದ್ದಿಕೊಳ್ಳುತ್ತವೆ, ಭ್ರಮೆ ಮಾತ್ರ ಹೋಗುವುದಿಲ್ಲ. ತಕ್ಕಡಿ ತೋರಿಸಿದರೂ ಅಷ್ಟೇ! ಫ್ರಾನ್ಸಿನ ವೈದ್ಯ ಶಾರ್ಪಾಂಟಿಯೆ 1891ರಲ್ಲೇ ವಿವರಿಸಿದ ಈ ಭ್ರಮೆಗೆ ಬಲದ ತಪ್ಪು ಅಂದಾಜೊಂದೇ ಕಾರಣವಲ್ಲ.