ಗ್ವಾದಲಹಾರಾದಿಂದ ಒಂದು ದಿನ: ಚಪಾಲಾ ಸರೋವರ, ಕುಂಬಾರರ ಊರು ನೋಡಿ ಬರೋದು ಹೇಗೆ

ಬೆಂಗಳೂರಿಂದ ಬೆಳಿಗ್ಗೆ ಹೊರಟ ಟೆಂಪೋ ಟ್ರಾವೆಲರ್ ಶ್ರವಣಬೆಳಗೊಳ ಮುಗಿಸಿ, ಹಳೇಬೀಡಿಗೆ ಓಡಿ, ಕತ್ತಲಾಗುವ ಮೊದಲು ಬೇಲೂರಿಗೆ ಬಂದು ನಿಲ್ಲುವುದನ್ನು ಹಾಸನದವರು ದಿನಾ ನೋಡುತ್ತೇವೆ. ಗೈಡ್ ದರ್ಪಣ ಸುಂದರಿ ಹತ್ತಿರ ಬಂದು ಬಾಯಿ ಬಿಡುವಷ್ಟರಲ್ಲಿ ಡ್ರೈವರ್ ಫೋನ್ ಮಾಡುತ್ತಾನೆ. ಆ ಜನ ದುಡ್ಡು ಕೊಟ್ಟಿದ್ದಾರೆ, ಊರುಗಳ ಹೆಸರು ಹೇಳಬಲ್ಲರು, ಆದರೆ ನೋಡಿದ್ದು ಏನೂ ಇಲ್ಲ. ಮೆಕ್ಸಿಕೊಗೆ ಹೋದಾಗ ನೀವು ಆ ಟೆಂಪೋದವರಾಗಬೇಡಿ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಮಗನೋ ಮಗಳೋ ಅಮೆರಿಕದಲ್ಲಿದ್ದು, ಅಪ್ಪ ಅಮ್ಮ ಮೂರು ತಿಂಗಳು ಹೋಗಿ ಬರುವ ಮನೆಗಳು ಹಾಸನ, ಸಕಲೇಶಪುರ, ಚಿಕ್ಕಮಗಳೂರಲ್ಲಿ ಈಗ ಕಮ್ಮಿ ಇಲ್ಲ. ಕೆಲವರ ಮಕ್ಕಳು ಐಟಿ ಕೆಲಸಕ್ಕೆ ನೇರ ಗ್ವಾದಲಹಾರಾಕ್ಕೇ ಹೋಗಿದ್ದಾರೆ. ಇದು ಮೆಕ್ಸಿಕೊದ ಹಲಿಸ್ಕೊ ರಾಜ್ಯದ ರಾಜಧಾನಿ. ಸಮುದ್ರ ಮಟ್ಟದಿಂದ ಸುಮಾರು 1,500 ಮೀಟರ್ ಎತ್ತರ, ಅಂದರೆ ಚಿಕ್ಕಮಗಳೂರು ಪೇಟೆಗಿಂತ ಜಾಸ್ತಿ. ಡಲ್ಲಾಸ್, ಹ್ಯೂಸ್ಟನ್, ಲಾಸ್ ಏಂಜಲೀಸಿನಿಂದ ನೇರ ವಿಮಾನ ಇದೆ. ಪಾಸ್‌ಪೋರ್ಟಿನಲ್ಲಿ ಚಾಲ್ತಿಯಲ್ಲಿರುವ ಅಮೆರಿಕ ವೀಸಾ ಇದ್ದರೆ ಪ್ರವಾಸಕ್ಕೆ ಬೇರೆ ಮೆಕ್ಸಿಕೊ ವೀಸಾ ಬೇಕಿಲ್ಲ, ಆದರೂ ಟಿಕೆಟ್ ತೆಗೆಯುವ ಮೊದಲು ಮೆಕ್ಸಿಕೊ ರಾಯಭಾರ ಕಚೇರಿಯ ವೆಬ್‌ಸೈಟ್ ಒಮ್ಮೆ ನೋಡಿಬಿಡಿ. ಹಾಗೇ ಭದ್ರತೆ ವಿಷಯ. ಹಲಿಸ್ಕೊದಲ್ಲಿ ಗ್ಯಾಂಗ್‌ಗಳ ಗಲಾಟೆಯ ಸುದ್ದಿ ಆಗಾಗ ಬರುತ್ತದೆ. ಹೊರಡುವ ವಾರ ಮೆಕ್ಸಿಕೊ ಸಿಟಿಯ ಭಾರತೀಯ ರಾಯಭಾರ ಕಚೇರಿ ಏನು ಹೇಳಿದೆ ಅಂತ ನೋಡಿ, ಹಗಲು ಹೊತ್ತಿನಲ್ಲಿ ಓಡಾಡಿ, ತಡರಾತ್ರಿ ಹೆದ್ದಾರಿ ಬೇಡ.

ಯಾವ ದಿನ ಹೋಗಬೇಕು ಅನ್ನೋದು ಮೊದಲ ಪ್ರಶ್ನೆ. ಗುರುವಾರ ಹೋಗಿ. ಕುಂಬಾರರ ಊರು ತೊನಲಾದಲ್ಲಿ ಬೀದಿ ಸಂತೆ ನಡೆಯೋದು ಗುರುವಾರ ಮತ್ತು ಭಾನುವಾರ ಮಾತ್ರ. ಭಾನುವಾರ ಇಡೀ ಗ್ವಾದಲಹಾರಾ ಸರೋವರದ ದಡಕ್ಕೆ ಹೊರಟುಬಿಡುತ್ತದೆ, ವಾಪಸ್ ಬರುವಾಗ ರಸ್ತೆಯಲ್ಲೇ ಸಂಜೆ ಕಳೆಯುತ್ತದೆ. ಸೋಮವಾರ ಮ್ಯೂಸಿಯಂಗಳಿಗೆ ಸಾಮಾನ್ಯವಾಗಿ ರಜೆ. ಮಳೆಗಾಲ ಜೂನ್‌ನಿಂದ ಅಕ್ಟೋಬರ್, ಆದರೆ ನಮ್ಮ ಮಲೆನಾಡಿನಂತೆ ದಿನವಿಡೀ ಜಡಿ ಹಿಡಿಯೋದಿಲ್ಲ, ಹೆಚ್ಚಾಗಿ ಸಂಜೆ ಮೇಲೆ ಸುರಿಯುತ್ತದೆ. ಏಪ್ರಿಲ್, ಮೇ ಬಿಸಿಲು ಜೋರು.

ಇನ್ನು ಗೈಡ್. ಗಂಟೆಗೊಂದು ಊರು ತೋರಿಸುವ ದೊಡ್ಡ ಬಸ್ಸಿನ ಪ್ಯಾಕೇಜ್ ಅಗ್ಗ, ನಿಜ. ಆದರೆ ಮನೆಯ ನಾಲ್ಕೈದು ಜನ ಇದ್ದರೆ ಒಂದು ವ್ಯಾನು, ಒಬ್ಬ ಗೈಡ್ ಅಂತ ಮಾಡಿಕೊಂಡರೆ ತಲೆಗೆ ಬೀಳುವ ಖರ್ಚಿನಲ್ಲಿ ಅಂಥ ವ್ಯತ್ಯಾಸ ಆಗೋದಿಲ್ಲ, ಮತ್ತು ಎಲ್ಲಿ ಎಷ್ಟು ಹೊತ್ತು ನಿಲ್ಲಬೇಕು ಅನ್ನೋದು ನಿಮ್ಮ ಕೈಯಲ್ಲಿರುತ್ತದೆ. ನೀವು ಕೊಡುವ ದುಡ್ಡು ಆ ಸಮಯಕ್ಕೆ. ರೇಟು ಕೇಳುವಾಗ ತಲೆಗೆಷ್ಟು, ಗಾಡಿಗೆಷ್ಟು ಅಂತ ಬಿಡಿಸಿ ಕೇಳಿ. ಡ್ರೈವರೇ ಗೈಡಾ ಅಥವಾ ಇಬ್ಬರು ಬೇರೆ ಬೇರೆಯಾ ಅಂತಲೂ ಕೇಳಿ. ಒಬ್ಬನೇ ಆದರೆ ಪಾರ್ಕಿಂಗ್ ಹುಡುಕುವಷ್ಟು ಹೊತ್ತು ನೀವು ಬೀದಿಯಲ್ಲಿ ಸುಮ್ನೆ ನಿಂತಿರುತ್ತೀರಿ. ಮೆಕ್ಸಿಕೊದಲ್ಲಿ ಗೈಡ್‌ಗಳಿಗೆ ಪ್ರವಾಸೋದ್ಯಮ ಇಲಾಖೆ ಗುರುತಿನ ಚೀಟಿ ಕೊಡುತ್ತದೆ, ಅದರ ಫೋಟೊ ಕಳಿಸಲು ಹೇಳಿ. ಸರಿಯಾದ ಗೈಡ್ ಇದಕ್ಕೆ ಮುನಿಸಿಕೊಳ್ಳೋದಿಲ್ಲ.

ಅಲ್ಲಿ ಎಲ್ಲ ವ್ಯವಹಾರ ವಾಟ್ಸಾಪ್‌ನಲ್ಲೇ. ಸ್ಪ್ಯಾನಿಷ್ ಬರೋದಿಲ್ಲ ಅಂತ ಹಿಂಜರಿಯಬೇಡಿ, ಫೋನಿನಲ್ಲೇ ಅನುವಾದ ಮಾಡಿ ಹಾಕಿ. ಸಂದೇಶ ಇಷ್ಟಿದ್ದರೆ ಸಾಕು: "ನಾವು ಐದು ಜನ, ಇಬ್ಬರು 60 ದಾಟಿದವರು. ಮೂರು ಊರು ಸಾಕು, ಅವಸರ ಬೇಡ. ಅಂಗಡಿ ಬೇಡ, ಕೆಲಸ ಮಾಡುವವರ ಮನೆ ತೋರಿಸಿ. ನಾವು ಮಾಂಸ, ಕೋಳಿ, ಮೀನು ತಿನ್ನೋದಿಲ್ಲ. ಟೋಲ್, ಪಾರ್ಕಿಂಗ್ ಸೇರಿ ಒಟ್ಟು ಎಷ್ಟು ಪೆಸೊ? ದೋಣಿ, ಊಟ ಬೇರೆಯಾ?" ಮೂರನೇ ಸಾಲು ಮುಖ್ಯ. ಅದನ್ನು ಮೊದಲೇ ಹೇಳದಿದ್ದರೆ ಗಾಡಿ ಸೀದಾ ಒಂದು ಬೆಳ್ಳಿ ಅಂಗಡಿ ಮುಂದೋ ಟಕೀಲಾ ಅಂಗಡಿ ಮುಂದೋ ನಿಲ್ಲುವ ಸಾಧ್ಯತೆ ಇದೆ. ಕಮಿಷನ್ ಅನ್ನೋದು ನಮ್ಮೂರಲ್ಲಿ ಮಾತ್ರ ಇರೋ ಕಾಯಿಲೆ ಅಲ್ವಲ್ಲ.

ಊರಿನ ಹೆಸರುಗಳನ್ನು ಇಂಗ್ಲಿಷ್ ಅಕ್ಷರ ನೋಡಿ ಓದಿದರೆ ಯಾರಿಗೂ ಅರ್ಥ ಆಗೋದಿಲ್ಲ. ಜೆ ಅಕ್ಷರ ಕಂಡಲ್ಲೆಲ್ಲ ಹ ಅನ್ನಿ. ಸರೋವರದ ದಡದ ಊರು ಅಹಿಹಿಕ್, ರಾಜ್ಯ ಹಲಿಸ್ಕೊ. ಸಂಜೆ ನೋಡುವ ಊರಿನ ಹೆಸರು ತ್ಲಾಕೆಪಾಕೆ.

ಬೆಳಿಗ್ಗೆ 8ಕ್ಕೆ ಹೊರಡಿ. ಆಗ ಹಾಸನದಲ್ಲಿ ರಾತ್ರಿ 7:30, ಮನೆಗೊಂದು ಫೋನ್ ಮಾಡಿ ಹತ್ತಿಕೊಳ್ಳಬಹುದು. ಮೊದಲು ತೊನಲಾ, ಅದು ನಗರಕ್ಕೆ ಅಂಟಿಕೊಂಡೇ ಇದೆ. ಆಮೇಲೆ ಸರೋವರ, ನಗರದಿಂದ ಸುಮಾರು 50 ಕಿಲೋಮೀಟರ್. ಸಂಜೆ ವಾಪಸ್ ಬರುತ್ತಾ ತ್ಲಾಕೆಪಾಕೆ. ಸರೋವರವನ್ನು ಮೊದಲು ಮಾಡಿಸುವ ಗೈಡ್‌ಗಳಿದ್ದಾರೆ, ಬೇರೆ ದಿನವಾದರೆ ಅದೇ ಸರಿ. ಗುರುವಾರ ಮಾತ್ರ ಬೇಡ, ಮಧ್ಯಾಹ್ನದ ಮೇಲೆ ಸಂತೆಯವರು ಗಂಟುಮೂಟೆ ಕಟ್ಟಲು ಶುರು ಮಾಡುತ್ತಾರೆ.

ತೊನಲಾ ಸಂತೆಯಲ್ಲಿ ಅರ್ಧ ಗಂಟೆಗಿಂತ ಹೆಚ್ಚು ಬೇಡ ಅನ್ನೋದು ನನ್ನ ಅಭಿಪ್ರಾಯ. ರಸ್ತೆ ತುಂಬ ಟಾರ್ಪಾಲಿನ್, ಪ್ಲಾಸ್ಟಿಕ್ ಹೂವು, ಗಾಜು, ತವರ, ಪೀಠೋಪಕರಣ, ಒಳ್ಳೆಯದೂ ಕೆಟ್ಟದ್ದೂ ಒಟ್ಟಿಗೆ. ಅಸಲು ತೊನಲಾ ಇರೋದು ಹಿಂದಿನ ಬೀದಿಗಳ ಮನೆಗಳಲ್ಲಿ. ಹೊರಗಿಂದ ನೋಡಿದರೆ ಸಾಧಾರಣ ಗೇಟು, ಬೋರ್ಡು ಕೂಡ ಇರೋದಿಲ್ಲ. ಇಲ್ಲೇ ಗೈಡ್ ಬೇಕಾಗೋದು. ಬಾಗಿಲು ತಟ್ಟಿ, ಹೆಸರು ಹಿಡಿದು ಕರೆದು, ಒಳಗೆ ಕರೆದುಕೊಂಡು ಹೋಗಬಲ್ಲವನು ಅವನೊಬ್ಬನೇ.

ಇಲ್ಲಿನ ವಿಶೇಷ ಬ್ರುನ್ಯೀದೊ ಅನ್ನುವ, ಹೊಳಪಿನ ಗಾಜುಬಳಿತ ಇಲ್ಲದ ಮಡಕೆ. ಒಣಗಿದ ಮಡಕೆಗೆ ಸಣ್ಣಗೆ ಸೋಸಿದ ಬಣ್ಣದ ಮಣ್ಣಿನ ನೀರು ಬಳಿದು, ಅದರ ಮೇಲೆ ಹೂವು, ಹಕ್ಕಿ, ಜಿಂಕೆ ಬರೆಯುತ್ತಾರೆ. ಆಮೇಲೆ ಮಡಕೆಯನ್ನು ತೊಡೆಯ ಮೇಲೆ ಇಟ್ಟುಕೊಂಡು, ಅಂಗೈಯಲ್ಲಿ ಅಡಗುವ ನುಣುಪು ಕಲ್ಲಿನಿಂದ ಉಜ್ಜುತ್ತಾರೆ. ಒಂದೇ ದಿಕ್ಕಿನಲ್ಲಿ, ಸಣ್ಣ ಸಣ್ಣ ಎಳೆತ, ಬಟ್ಟೆಯಿಂದ ಒರೆಸುವುದು, ಮತ್ತೆ ಉಜ್ಜುವುದು. ಕಲ್ಲು ಹಾದುಹೋದ ಕಡೆ ಮಂಕು ಮಣ್ಣು ಪಟ್ಟಿ ಪಟ್ಟಿಯಾಗಿ ಹೊಳೆಯಲು ಶುರುವಾಗುತ್ತದೆ. ಐದು ನಿಮಿಷ ನೋಡಿ ಹೊರಟರೆ ಆ ಪಟ್ಟಿ ಎರಡು ಬೆರಳಗಲ ಕೂಡ ಆಗಿರೋದಿಲ್ಲ. ಕೂತು ನೋಡಿ. ಹಿಂದೆ ಇಂಥ ಪರಿಮಳದ ಮಣ್ಣಿನ ಹೂಜಿಗಳು 17ನೇ ಶತಮಾನದಲ್ಲಿ ಸ್ಪೇನಿಗೆ ಹಡಗಿನಲ್ಲಿ ಹೋಗುತ್ತಿದ್ದವು. ಅಲ್ಲಿನ ಶ್ರೀಮಂತ ಹೆಂಗಸರು ನೀರು ಕುಡಿಯುವುದಷ್ಟೇ ಅಲ್ಲ, ಹೂಜಿಯ ಚೂರನ್ನೇ ಅಗಿಯುತ್ತಿದ್ದರಂತೆ. ನೀರು ತುಂಬಿಸಿ ಮೂಗಿಗೆ ಹಿಡಿದರೆ ಅವರ ಹುಚ್ಚು ಸ್ವಲ್ಪ ಅರ್ಥ ಆಗುತ್ತದೆ.

ಇನ್ನೊಂದು ಬಗೆ ಪೆತಾತಿಯ್ಯೊ. ಚಿತ್ರದ ಹಿನ್ನೆಲೆ ಪೂರ್ತಿ ಕೂದಲೆಳೆಯ ಗೆರೆಗಳು, ಅಡ್ಡ, ಉದ್ದ, ಚಾಪೆ ನೇಯ್ಗೆಯ ಲೆಕ್ಕದಲ್ಲಿ. ಒಂದು ತಟ್ಟೆಗೆ ದಿನಗಟ್ಟಲೆ ಕೆಲಸ. ಬೆಲೆ ಕೇಳಿ ಗಾಬರಿಯಾಗಬಹುದು, ಚೌಕಾಸಿ ಮಾಡುವ ಮೊದಲು ಗೆರೆಗಳನ್ನು ಹತ್ತಿರದಿಂದ ನೋಡಿ. ಸಂತೆಯಲ್ಲಿ ಚೌಕಾಸಿ ಮಾಡಿ, ಮನೆಯಲ್ಲಿ ಕೂತು ಬರೆದವರ ಹತ್ತಿರ ಬೇಡ.

ಕೊಳ್ಳುವ ಮುಂಚೆ ಒಂದು ವಿಷಯ ಗಟ್ಟಿಯಾಗಿ ನೆನಪಿಡಿ. ಮೆಕ್ಸಿಕೊದ ಸಾಂಪ್ರದಾಯಿಕ ಹೊಳಪಿನ ಪಾತ್ರೆಗಳ ಬಳಿತದಲ್ಲಿ ಸೀಸ ಇರುವುದು ಸಾಮಾನ್ಯ. ಹುಳಿ ತಗುಲಿದರೆ ಅದು ಊಟಕ್ಕೆ ಇಳಿಯುತ್ತದೆ. ನಮ್ಮ ಅಡುಗೆ ಎಲ್ಲ ಹುಣಸೆಹಣ್ಣು, ಮಜ್ಜಿಗೆ, ಟೊಮ್ಯಾಟೊ. ಹಾಗಾಗಿ "ಸಿನ್ ಪ್ಲೋಮೊ?" ಅಂತ ಕೇಳಿ, ಸೀಸ ಇಲ್ಲ ತಾನೇ ಅಂತ. ಖಾತ್ರಿಯಾಗಿ ಹೌದು ಅನ್ನದಿದ್ದರೆ ಅದನ್ನು ಶೋಕೇಸಿಗೆ ಇಟ್ಟುಕೊಳ್ಳಿ, ಸಾರಿಗೆ ಬೇಡ.

ಸರೋವರದ ಕಡೆ ಹೊರಡೋಣ. ಚಪಾಲಾ ಮೆಕ್ಸಿಕೊದ ಅತಿ ದೊಡ್ಡ ನೈಸರ್ಗಿಕ ಸರೋವರ, ಉದ್ದ ಸುಮಾರು 80 ಕಿಲೋಮೀಟರ್. ಅಷ್ಟು ದೊಡ್ಡದಾದರೂ ಆಳ ಸರಾಸರಿ ನಾಲ್ಕೈದು ಮೀಟರ್ ಅಷ್ಟೇ, ಅದಕ್ಕೇ ಮಳೆ ಕೈಕೊಟ್ಟರೆ ದಡ ದೂರ ಸರಿದುಬಿಡುತ್ತದೆ. 1950ರ ದಶಕದಲ್ಲಿ ಒಮ್ಮೆ, 2002ರ ಸುಮಾರಿಗೆ ಇನ್ನೊಮ್ಮೆ ಇದು ಬತ್ತಿಯೇ ಹೋಗುತ್ತದೇನೋ ಅನ್ನುವ ಸ್ಥಿತಿಗೆ ಬಂದಿತ್ತು. ನೀರು ಕಂದು, ಅಲ್ಲಲ್ಲಿ ಅಂತರಗಂಗೆ. ಕಡಲಿನ ನೀಲಿ ನಿರೀಕ್ಷೆ ಮಾಡಿ ಹೋಗಬೇಡಿ, ಈಜು ಬೇಡ.

ದಡದಲ್ಲಿ ನೋಡುವಂಥ ಊರು ಎರಡು, ನಡುವೆ ಏಳೆಂಟು ಕಿಲೋಮೀಟರ್. ಎರಡನ್ನೂ ತುರುಕಬೇಡಿ, ಒಂದನ್ನು ಆರಿಸಿ. ಮಕ್ಕಳಿದ್ದರೆ, ಮಂಡಿ ನೋವಿನವರಿದ್ದರೆ ಸರೋವರದ್ದೇ ಹೆಸರಿನ ಊರು ಚಪಾಲಾ. ದಡದ ಕಾಲುದಾರಿ ಸಮತಟ್ಟಾಗಿದೆ, ಹಳೇ ರೈಲು ನಿಲ್ದಾಣ ಈಗ ಸಾಂಸ್ಕೃತಿಕ ಕೇಂದ್ರ, ಚೇಳಿನ ದ್ವೀಪ ಅನ್ನುವ ಸಣ್ಣ ದ್ವೀಪಕ್ಕೆ ದೋಣಿ ಇದೆ. ದೋಣಿಗೆ ಬಾಡಿಗೆ ತಲೆಗಲ್ಲ, ಇಡೀ ದೋಣಿಗೆ. ಹತ್ತುವ ಮೊದಲೇ ಮಾತಾಡಿ, ಲೈಫ್ ಜಾಕೆಟ್ ಹಾಕಿಕೊಳ್ಳಿ. ನಡೆಯಬಲ್ಲವರಾದರೆ ಅಹಿಹಿಕ್. ಗುಡ್ಡದ ಕೆಳಗಿನ ಸಣ್ಣ ಊರು, ಗೋಡೆ ಗೋಡೆಗೂ ಚಿತ್ರ. ಒಂದು ಗೋಡೆಯ ತುಂಬ ಮಣ್ಣಿನ ತಲೆಬುರುಡೆಗಳೇ ಇವೆ, ತೀರಿಕೊಂಡ ಊರಿನವರ ನೆನಪಿಗೆ. ಅಮೆರಿಕ, ಕೆನಡಾದಿಂದ ಬಂದು ನೆಲೆಸಿದ ನಿವೃತ್ತರು ತುಂಬ, ಹಾಗಾಗಿ ಇಂಗ್ಲಿಷ್ ನಡೆಯುತ್ತದೆ, ಬೆಲೆಯೂ ಆ ಲೆಕ್ಕದಲ್ಲೇ. ರಸ್ತೆ ಪೂರ್ತಿ ಉರುಟುಗಲ್ಲು. ಚಪ್ಪಲಿ ಬೇಡ, ಶೂ ಹಾಕಿ.

ಊಟ ಇಲ್ಲೇ ಮಾಡಿ. ದಡದ ಹೋಟೆಲುಗಳಲ್ಲಿ ಚರಾಲೆಸ್ ಅಂತ ಬೆರಳಿಗಿಂತ ಚಿಕ್ಕ ಮೀನನ್ನು ಗರಿಗರಿ ಹುರಿದು, ನಿಂಬೆಹಣ್ಣು ಹಿಂಡಿ ಕೊಡುತ್ತಾರೆ, ಮೀನು ತಿನ್ನುವವರು ಬಿಡಬಾರದು. ಸಸ್ಯಾಹಾರಿಗಳು ಹುಷಾರಾಗಿರಬೇಕಾದ್ದು ಕಣ್ಣಿಗೆ ಕಾಣದ್ದರ ಬಗ್ಗೆ. ಬೇಯಿಸಿದ ಹುರುಳಿಕಾಯಿ ಜಾತಿಯ ಕಾಳನ್ನು ಹಂದಿ ಕೊಬ್ಬಿನಲ್ಲಿ ಹುರಿದಿರಬಹುದು, ಅನ್ನವನ್ನು ಕೋಳಿ ಸಾರಿನಲ್ಲಿ ಬೇಯಿಸಿರಬಹುದು. "ಸಿನ್ ಮಾಂತೆಕಾ, ಸಿನ್ ಕಾಲ್ದೊ ದೆ ಪೊಯ್ಯೊ" ಅಂತ ಗೈಡ್ ಬಾಯಲ್ಲೇ ಹೇಳಿಸಿ. ಚೀಸ್ ಇಟ್ಟ ಕೆಸಾದಿಯ್ಯಾ, ಪಾಪಾಸುಕಳ್ಳಿ ಪಲ್ಯ, ಕುಂಬಳದ ಹೂವು, ಬಿಸಿ ಮುಸುಕಿನ ಜೋಳದ ತೋರ್ತಿಯ್ಯಾ ಇದ್ದರೆ ಹೊಟ್ಟೆ ತುಂಬುತ್ತದೆ. ಜೋಳವನ್ನು ಸುಣ್ಣದ ನೀರಿನಲ್ಲಿ ಬೇಯಿಸಿ ರುಬ್ಬುತ್ತಾರೆ, ಆ ವಾಸನೆಗೆ ಎರಡನೇ ರೊಟ್ಟಿಯಷ್ಟೊತ್ತಿಗೆ ಒಗ್ಗಿಕೊಳ್ಳುತ್ತೀರಿ. ಕಾಫಿ ತೋಟದವರು ಒಂದು ಲೋಟ ಕಫೆ ದೆ ಒಯ್ಯಾ ಕುಡಿಯಲೇಬೇಕು. ಮಣ್ಣಿನ ಪಾತ್ರೆಯಲ್ಲಿ ಚಕ್ಕೆ, ಬೆಲ್ಲ ಹಾಕಿ ಕುದಿಸಿದ್ದು, ಹಾಲಿಲ್ಲ. ಫಿಲ್ಟರ್ ಕಾಫಿಗೆ ಹೋಲಿಸಿ ಗೊಣಗಬೇಡಿ, ಇದು ಬೇರೆಯೇ ಪಾನೀಯ.

4 ಗಂಟೆಗೆ ಸರೋವರ ಬಿಟ್ಟರೆ 5ರ ಆಚೀಚೆ ತ್ಲಾಕೆಪಾಕೆ. ಸಂಜೆಗೆ ಹೇಳಿ ಮಾಡಿಸಿದ ಊರು. ಇಂದೆಪೆಂದೆನ್ಸಿಯಾ ಬೀದಿಯಲ್ಲಿ ವಾಹನ ಇಲ್ಲ, ಎರಡೂ ಬದಿ ಹಳೇ ದೊಡ್ಡ ಮನೆಗಳು, ಈಗ ಗ್ಯಾಲರಿಗಳು. ಈ ಪ್ರಾಂತ್ಯ ಸ್ಪೇನಿನಿಂದ ಸ್ವತಂತ್ರ ಅಂತ 1821ರ ಜೂನ್ 13ರಂದು ಘೋಷಿಸಿದ್ದು ಇದೇ ಊರಲ್ಲಿ. ಮಣ್ಣಿನ ಪಾತ್ರೆಗಳ ಮ್ಯೂಸಿಯಂ ಇದೇ ಬೀದಿಯಲ್ಲಿದೆ, ಬೆಳಿಗ್ಗೆ ನೋಡಿದ ಕೆಲಸದ ಹಳೇ ಮಾದರಿಗಳು ಅಲ್ಲಿವೆ. ಮುಚ್ಚುವ ಹೊತ್ತು ಎಷ್ಟು ಅಂತ ಗೈಡ್‌ಗೆ ಮೊದಲೇ ಕೇಳಿಡಿ. ಅಂಗಡಿಗಳಲ್ಲಿ ತೊನಲಾದ್ದೇ ಸಾಮಾನು ಹೆಚ್ಚಿನ ಬೆಲೆಗೆ ಸಿಗುತ್ತದೆ, ಸುಮ್ನೆ ನೋಡಿಕೊಂಡು ಹೋಗಿ.

ಕೊನೆಗೆ ಎಲ್ ಪರಿಯಾನ್. 1878ರ ಕಟ್ಟಡ, ಕಮಾನುಗಳ ಕೆಳಗೆ ಸುತ್ತ ಹೋಟೆಲುಗಳು, ನಡುವೆ ಮಂಟಪ, ಅಲ್ಲಿ ಮರಿಯಾಚಿ ಹಾಡುಗಾರರು. ಮಂಟಪದಲ್ಲಿ ಹಾಡಿದರೆ ಕೂತು ಕೇಳಬಹುದು. ನಿಮ್ಮ ಟೇಬಲ್ಲಿಗೆ ಬಂದು ಹಾಡಿದರೆ ಹಾಡಿಗಿಷ್ಟು ಅಂತ ದುಡ್ಡು. ಬೇಡವಾದರೆ ನಗುತ್ತಾ "ನೊ, ಗ್ರಾಸಿಯಾಸ್" ಅನ್ನಿ, ಬೇಕಾದರೆ ಮೊದಲು ರೇಟು ಕೇಳಿ, ಪಿಟೀಲು ಎತ್ತಿದ ಮೇಲೆ ಚೌಕಾಸಿ ಮಾಡಿದರೆ ಇಬ್ಬರಿಗೂ ಮುಜುಗರ.

ಟಿಪ್ಸ್ ಅಲ್ಲಿ ರೂಢಿ. ಹೋಟೆಲಿನಲ್ಲಿ ಬಿಲ್ಲಿನ 10ರಿಂದ 15 ಪರ್ಸೆಂಟ್, ದಿನದ ಕೊನೆಗೆ ಗೈಡ್‌ಗೂ ಡ್ರೈವರ್‌ಗೂ ಬೇರೆ ಬೇರೆ. ಸಂತೆಗೆ, ಮಡಕೆ ಮನೆಗಳಿಗೆ ನಗದು ಬೇಕು, ಬ್ಯಾಂಕಿನ ಒಳಗಿನ ಎಟಿಎಂನಲ್ಲೇ ಹಿಂದಿನ ದಿನ ತೆಗೆದಿಡಿ. ಚಿಲ್ಲರೆ ನೋಟು ಜಾಸ್ತಿ ಇರಲಿ.

ಮಡಕೆಯನ್ನು ಅಂಗಡಿಯವರು ಪೇಪರಿನಲ್ಲಿ ಸುತ್ತಿ ಕೊಡುತ್ತಾರೆ, ವಿಮಾನಕ್ಕೆ ಅಷ್ಟು ಸಾಲದು. ಒಳಗೆ ಕಾಲುಚೀಲ, ಹೊರಗೆ ಟವೆಲ್ಲು ಸುತ್ತಿ ಕೈಚೀಲದಲ್ಲೇ ಇಟ್ಟುಕೊಳ್ಳಿ. ಅದಕ್ಕಿಂತ ದೊಡ್ಡದು ಕಣ್ಣಿಗೆ ಬಿದ್ದರೆ, ಹಣ ಕೊಡುವ ಮುಂಚೆ ಕೈಚೀಲದ ಪಕ್ಕ ಹಿಡಿದು ಅಳತೆ ನೋಡಿ.