ಇಳಿಯುವ ಮೊದಲೇ ಏರುವ ಲೆಕ್ಕ: ಗೈಡ್ ಜೊತೆ ಗ್ರ್ಯಾಂಡ್ ಕ್ಯಾನ್ಯನ್‌ನಲ್ಲಿ ಒಂದು ದಿನ

ಬಳ್ಳಾರಿ, ರಾಯಚೂರು, ಕೊಪ್ಪಳದ ಕಡೆಯಿಂದ ಅಮೆರಿಕಕ್ಕೆ ಹೋಗಿಬರುವ ಅಪ್ಪ–ಅಮ್ಮಂದಿರು ಈಗ ಕಡಿಮೆಯೇನಿಲ್ಲ. ಮಗಳ ಬಾಣಂತನಕ್ಕೋ, ಮಗನ ಮನೆಯ ಗೃಹಪ್ರವೇಶಕ್ಕೋ ಹೋದವರನ್ನು ಮಕ್ಕಳು ಒಂದು ವಾರ ಊರು ಸುತ್ತಿಸುತ್ತಾರೆ. ಆ ಸುತ್ತಾಟದಲ್ಲಿ ಅರಿಜೋನಾ ರಾಜ್ಯದ ಗ್ರ್ಯಾಂಡ್ ಕ್ಯಾನ್ಯನ್ ಇದ್ದೇ ಇರುತ್ತದೆ. ಹೆಚ್ಚಿನವರು ಅಂಚಿನ ಕಂಬಿ ಹಿಡಿದು ನಿಂತು, ಫೋಟೊ ತೆಗೆಸಿಕೊಂಡು, ‘ನೋಡಿದ್ವಿ’ ಎಂದು ಕಾರು ಹತ್ತುತ್ತಾರೆ. ದಾರಿಯಲ್ಲಿ ಎರಡು ಕಿಲೊಮೀಟರ್ ನಡೆದು ಕೆಳಗಿಳಿದು ಬಂದರೆ ಅದೇ ಕಣಿವೆ ಬೇರೆಯಾಗಿ ಕಾಣುತ್ತದೆ. ಅದಕ್ಕೆ ಬೆಟ್ಟ ಹತ್ತುವ ಪಳಗಿದವರೇ ಆಗಬೇಕೆಂದಿಲ್ಲ. ಮೊಣಕಾಲು ಗಟ್ಟಿಯಿರುವ, ಹೃದಯದ ತೊಂದರೆ ಇಲ್ಲದ ಅರವತ್ತರ ಹಿರಿಯರೂ ಗೈಡ್ ಜೊತೆ ಹೋಗಿಬರಬಹುದು.

ತೊಂದರೆ ಇರುವುದು ನಮ್ಮ ಒಂದು ಮಾತಿನಲ್ಲಿ: ‘ಬಿಸಿಲೇನ್ ನಮಗ ಹೊಸದಾ?’ ಬೇಸಿಗೆ, ಕಡುಬೇಸಿಗೆ ಎಂದು ಎರಡೇ ಕಾಲ ಎಣಿಸುವ ಊರಿನವರಿಗೆ ಈ ಧೈರ್ಯ ಸಹಜ. ಆದರೆ ಅಲ್ಲಿ ಬಿಸಿಲಿಗಿಂತ ಮೊದಲು ಕೈಕೊಡುವುದು ಇಳಿಜಾರು. ನಮ್ಮ ಗುಡ್ಡಗಳಲ್ಲಿ ದಣಿದವರು ಅರ್ಧದಾರಿಯಲ್ಲಿ ತಿರುಗಿದರೆ ಇಳಿಜಾರೇ ಕೆಳಗೆ ತಂದು ಬಿಡುತ್ತದೆ. ಕಣಿವೆಯಲ್ಲಿ ಹಾಗಿಲ್ಲ. ತಂಪು ಹೊತ್ತಿನಲ್ಲಿ, ಹೊಸ ಹುರುಪಿನಲ್ಲಿ ಇಳಿದುಬಿಡುತ್ತೀರಿ. ಏರುವ ಪಾಳಿ ಬರುವುದು ಕಾಲು ಸೋತು, ನೀರು ತಳ ಕಂಡು, ಸೂರ್ಯ ನೆತ್ತಿಗೆ ಬಂದಾಗ. ಇಳಿಯಲು ಒಂದು ಗಂಟೆ ಹಿಡಿದರೆ ಏರಲು ಎರಡು ಗಂಟೆ ಎಂಬುದು ಅಲ್ಲಿನ ಹಳೆಯ ಲೆಕ್ಕ. ಕಣಿವೆಯೊಳಗಿಂದ ವರ್ಷಕ್ಕೆ 250ಕ್ಕೂ ಹೆಚ್ಚು ಜನರನ್ನು ರಕ್ಷಿಸಿ ಮೇಲೆ ತರಬೇಕಾಗುತ್ತದೆ ಎಂದು ಅಲ್ಲಿನ ರಾಷ್ಟ್ರೀಯ ಉದ್ಯಾನದ (ಪಾರ್ಕ್) ಆಡಳಿತದವರೇ ಎಚ್ಚರಿಸುತ್ತಾರೆ. ಈ ಲೇಖನದಲ್ಲಿ ಹೇಳುವುದೆಲ್ಲ ಈ ಒಂದು ಲೆಕ್ಕದ ಸುತ್ತಲೇ.

ಮೊದಲು ಯಾವ ಅಂಚು ಎಂದು ನೋಡಿ

ಕೊಲೊರಾಡೊ ನದಿ ಕೊರೆದ ಈ ಕಣಿವೆ 446 ಕಿಲೊಮೀಟರ್ ಉದ್ದ, ಕೆಲವೆಡೆ 29 ಕಿಲೊಮೀಟರ್ ಅಗಲ, ಒಂದೂವರೆ ಕಿಲೊಮೀಟರಿಗೂ ಹೆಚ್ಚು ಆಳ. ಹಾಗಾಗಿ ‘ಗ್ರ್ಯಾಂಡ್ ಕ್ಯಾನ್ಯನ್ ಟೂರ್’ ಎಂದಷ್ಟೇ ಬರೆದಿದ್ದರೆ ಏನೂ ತಿಳಿದಂತಾಗಲಿಲ್ಲ. ಲಾಸ್ ವೇಗಾಸ್‌ನಿಂದ ಅಗ್ಗದಲ್ಲಿ, ಬೇಗ ಹೋಗಿಬರುವ ಟೂರುಗಳಲ್ಲಿ ಹಲವು ಹೋಗುವುದು ‘ವೆಸ್ಟ್’ ಎಂಬ ಕಡೆಗೆ. ಗಾಜಿನ ಸೇತುವೆ ಇರುವುದು ಅಲ್ಲಿ. ಅದು ಹುವಾಲಪೈ ಬುಡಕಟ್ಟಿನವರ ಜಾಗ, ರಾಷ್ಟ್ರೀಯ ಉದ್ಯಾನವಲ್ಲ. ಕಣಿವೆಯೊಳಗೆ ನಡೆಯುವ ಹೆಸರಾಂತ ದಾರಿಗಳಿರುವುದು ಉದ್ಯಾನದ ಸೌತ್ ರಿಮ್‌ನಲ್ಲಿ, ಅಂದರೆ ದಕ್ಷಿಣದ ಅಂಚಿನಲ್ಲಿ. ಬುಕಿಂಗ್‌ನಲ್ಲಿ ‘ಸೌತ್ ರಿಮ್’ ಎಂಬ ಎರಡು ಪದ ಇದೆಯೇ ಎಂದು ಮಗನಿಂದ ಇನ್ನೊಮ್ಮೆ ನೋಡಿಸಿ.

ವೇಗಾಸ್‌ನಿಂದ ಸೌತ್ ರಿಮ್‌ಗೆ ಸುಮಾರು 450 ಕಿಲೊಮೀಟರ್, ಫೀನಿಕ್ಸ್‌ನಿಂದ 370. ಬೆಳಿಗ್ಗೆ ಹೊರಟು, ಇಳಿದು, ಏರಿ, ರಾತ್ರಿ ವಾಪಸ್ ಎಂಬ ಪ್ಯಾಕೇಜುಗಳೂ ಇವೆ. ನನ್ನ ಮಾತು ಕೇಳುವುದಾದರೆ ಅವು ಬೇಡ. ನೀವು ಕಣಿವೆ ಬಾಯಿಗೆ ತಲುಪುವ ಹೊತ್ತಿಗೆ ಸೂರ್ಯ ನೆತ್ತಿಯ ಹತ್ತಿರ ಬಂದಿರುತ್ತಾನೆ, ಅಂದರೆ ನಡೆಯಬಾರದ ಹೊತ್ತಿನಲ್ಲೇ ನಡೆಯಬೇಕು. ಹಿಂದಿನ ರಾತ್ರಿ ಉದ್ಯಾನದೊಳಗಿನ ವಸತಿಯಲ್ಲಿ ಅಥವಾ ಬಾಗಿಲಲ್ಲೇ ಇರುವ ಟೂಸಾಯಾನ್ ಎಂಬ ಊರಿನಲ್ಲಿ ಉಳಿಯಿರಿ. ದುಬಾರಿ ಎನಿಸಿದರೆ 130 ಕಿಲೊಮೀಟರ್ ದೂರದ ಫ್ಲ್ಯಾಗ್‌ಸ್ಟಾಫ್ ಇದೆ. ಅಲ್ಲಿಂದ ನಸುಕಿಗೇ ಹೊರಡಬೇಕು.

ಕಾಲ ಯಾವುದು?

ಮಾರ್ಚ್‌ನಿಂದ ಮೇ ಮೊದಲ ಭಾಗ, ಇಲ್ಲವೇ ಸೆಪ್ಟೆಂಬರ್ ಕೊನೆಯಿಂದ ನವೆಂಬರ್. ಇವು ಒಳ್ಳೆಯ ತಿಂಗಳುಗಳು.

ಮರುಭೂಮಿ ಎಂದ ಕೂಡಲೇ ತೆಳು ಹತ್ತಿಬಟ್ಟೆ ಸಾಕು ಎಂದುಕೊಳ್ಳುತ್ತೇವಲ್ಲ, ಅಲ್ಲಿ ಎಡವುತ್ತೇವೆ. ಸೌತ್ ರಿಮ್ ಇರುವುದು ಸಮುದ್ರಮಟ್ಟದಿಂದ ಸುಮಾರು 2,100 ಮೀಟರ್ ಎತ್ತರದಲ್ಲಿ; ನಮ್ಮ ರಾಜ್ಯದ ಅತಿ ಎತ್ತರದ ಮುಳ್ಳಯ್ಯನಗಿರಿಯೂ ಅದಕ್ಕಿಂತ ತಗ್ಗು. ಜನವರಿ ರಾತ್ರಿ ಮೈನಸ್ ಎಂಟು ಡಿಗ್ರಿ ಅಲ್ಲಿ ಮಾಮೂಲು. ದಾರಿಯ ಮೇಲಿನ ತಿರುವುಗಳಲ್ಲಿ ಹಿಮ ಗಟ್ಟಿಯಾಗಿ ಗಾಜಿನಂತೆ ಜಾರುತ್ತದೆ; ಶೂಗೆ ಕಟ್ಟಿಕೊಳ್ಳುವ ಉಕ್ಕಿನ ಮುಳ್ಳುಪಟ್ಟಿ ಇಲ್ಲದೆ ಇಳಿಯುವಂತಿಲ್ಲ. ಅದೇ ಕಣಿವೆಯ ತಳ ಅಂಚಿಗಿಂತ ಹನ್ನೊಂದು ಡಿಗ್ರಿಯಷ್ಟು ಬಿಸಿ. ಜುಲೈ ಮಧ್ಯಾಹ್ನ ಮೇಲೆ 29 ಡಿಗ್ರಿಯ ಹಿತವಾದ ಹವೆ, ತಳದಲ್ಲಿ 41. ಮೇಲೆ ನಿಂತವರಿಗೆ ಕೆಳಗಿನ ಕಾವು ತಿಳಿಯುವುದೇ ಇಲ್ಲ. ಮೇ–ಸೆಪ್ಟೆಂಬರ್ ನಡುವೆ ಅಂಚಿನಿಂದ ನದಿಗೆ ಹೋಗಿ ಅದೇ ದಿನ ಮರಳುವ ಸಾಹಸ ಮಾಡಬೇಡಿ ಎಂದು ಪಾರ್ಕ್ ಕಟ್ಟುನಿಟ್ಟಾಗಿ ಹೇಳುತ್ತದೆ. ಜುಲೈನಿಂದ ಸೆಪ್ಟೆಂಬರ್‌ವರೆಗೆ ಅಲ್ಲಿಗೂ ಮುಂಗಾರು ಬರುತ್ತದೆ. ಮಧ್ಯಾಹ್ನದ ಮೇಲೆ ಗುಡುಗು, ಸಿಡಿಲು.

ದಾರಿ ಎರಡು

ಒಂದು ದಿನದ ನಡಿಗೆಗೆ ಗೈಡ್‌ಗಳು ಸಾಮಾನ್ಯವಾಗಿ ಹಿಡಿಯುವುದು ಬ್ರೈಟ್ ಏಂಜಲ್ ಅಥವಾ ಸೌತ್ ಕೈಬಾಬ್.

ಬ್ರೈಟ್ ಏಂಜಲ್ ಹಳೆಯದು. ಹವಾಸುಪೈ ಜನ ತಲೆಮಾರುಗಳಿಂದ ಓಡಾಡಿದ ಜಾಡು. ಆಮೇಲೆ ರಾಲ್ಫ್ ಕ್ಯಾಮೆರಾನ್ ಎಂಬಾತ ಅದರ ಮೇಲೆ ಹಕ್ಕು ಹೂಡಿ ತಲೆಗೊಂದು ಡಾಲರ್ ಸುಂಕ ವಸೂಲಿ ಮಾಡುತ್ತಿದ್ದ. ಅವನ ಕಾಟ ತಪ್ಪಿಸಲೆಂದೇ 1920ರ ದಶಕದಲ್ಲಿ ಪಾರ್ಕ್‌ನವರು ಸೌತ್ ಕೈಬಾಬ್ ಎಂಬ ಬೇರೆ ದಾರಿ ಕಡಿದರು. ಬ್ರೈಟ್ ಏಂಜಲ್‌ನಲ್ಲಿ ಅಲ್ಲಲ್ಲಿ ನೆರಳು, ಒಂದೂವರೆ ಮೈಲಿಗೊಂದು ತಂಗುದಾಣ, ಬೇಸಿಗೆಯ ತಿಂಗಳುಗಳಲ್ಲಿ ಕುಡಿಯುವ ನೀರು. ಪೈಪ್‌ಲೈನ್ ಕೆಟ್ಟು ನೀರು ನಿಲ್ಲುವುದೂ ಉಂಟು, ಹೊರಡುವ ದಿನ ಕೇಳಿಕೊಳ್ಳಬೇಕು.

ಸೌತ್ ಕೈಬಾಬ್‌ನಲ್ಲಿ ನೀರಿಲ್ಲ, ನೆರಳೂ ಇಲ್ಲವೆಂದೇ ಹೇಳಬೇಕು. ಆದರೆ ದಾರಿ ಗುಡ್ಡದ ಏಣಿನ ಮೇಲೇ ಸಾಗುವುದರಿಂದ ಎರಡೂ ಬದಿ ಕಣಿವೆ ತೆರೆದುಕೊಂಡಿರುತ್ತದೆ. ಒಂದೇ ಸಲ ಹೋಗುವವರಿಗೆ, ತಂಪು ಕಾಲದಲ್ಲಾದರೆ, ನಾನು ಹೇಳುವುದು ಇದನ್ನೇ. ಸೀಡರ್ ರಿಡ್ಜ್ ಎಂಬ ಕೆಂಪು ಮಣ್ಣಿನ ದಿಬ್ಬದವರೆಗೆ 2.4 ಕಿಲೊಮೀಟರ್, ಸುಮಾರು 340 ಮೀಟರ್ ಇಳಿತ. ಶೌಚಾಲಯವಿದೆ. ಹೋಗಿಬರಲು ಎರಡರಿಂದ ನಾಲ್ಕು ಗಂಟೆ. ಅಷ್ಟೂ ಆಗದು ಎನ್ನುವವರು 1.4 ಕಿಲೊಮೀಟರಿನ ‘ಊ ಆ ಪಾಯಿಂಟ್’ನಿಂದ ತಿರುಗಿದರೂ ಮೋಸವಿಲ್ಲ. ಬೇಸಿಗೆಯಲ್ಲೇ ಹೋಗಬೇಕಾಗಿ ಬಂದರೆ ಬ್ರೈಟ್ ಏಂಜಲ್‌ನ ಮೊದಲ ತಂಗುದಾಣ ಸಾಕು. ಅದೂ ಹೆಚ್ಚುಕಡಿಮೆ ಅಷ್ಟೇ ದೂರ, ಅಷ್ಟೇ ಇಳಿತ.

ಗೈಡ್ ಹಿಡಿಯುವ ಮುನ್ನ

ಒಂದು ದಿನದ ನಡಿಗೆಗೆ ಪರವಾನಗಿ ಬೇಕಿಲ್ಲ. ಕಣಿವೆಯಲ್ಲಿ ಟೆಂಟ್ ಹಾಕಿ ರಾತ್ರಿ ಉಳಿಯುವವರಿಗೆ ಮಾತ್ರ ಬೇಕು. ಆದರೆ ದುಡ್ಡು ಪಡೆದು ಜನರನ್ನು ಕರೆದೊಯ್ಯುವ ಕಂಪನಿಗೆ ಪಾರ್ಕ್‌ನ ಅನುಮತಿ ಇರಲೇಬೇಕು. ಅದನ್ನು ನೇರವಾಗಿ ಕೇಳಿ. ಗುಂಪಿನಲ್ಲಿ ಎಷ್ಟು ಜನ, ಗೈಡ್‌ಗೆ ಕಾಡುಮೇಡಿನ ಪ್ರಥಮ ಚಿಕಿತ್ಸೆಯ ತರಬೇತಿ ಆಗಿದೆಯೇ, ಊಟ, ಊರುಗೋಲು, ಹಿಮದ ಮುಳ್ಳುಪಟ್ಟಿ ಅವರೇ ಕೊಡುತ್ತಾರೆಯೇ, ಒಬ್ಬರಿಗೆ ಸುಸ್ತಾದರೆ ಇಡೀ ಗುಂಪು ತಿರುಗುತ್ತದೆಯೇ ಎಂದೂ ಕೇಳಿ. ಕೊನೆಯ ಪ್ರಶ್ನೆಗೆ ತಡವರಿಸುವವರನ್ನು ಬಿಟ್ಟು ಬೇರೆಯವರನ್ನು ನೋಡುವುದು ಒಳ್ಳೆಯದು. ಮನೆಯವರಷ್ಟೇ ಇರುವ ಖಾಸಗಿ ಟೂರ್‌ಗೆ ಹೆಚ್ಚು ಖರ್ಚಾಗುತ್ತದೆ, ಆದರೆ ಹಿರಿಯರ ನಡಿಗೆಯ ಗತಿಗೆ ಅದೇ ಸರಿ.

ಪ್ರವೇಶ ಶುಲ್ಕ ಟೂರ್ ದರದಲ್ಲಿ ಸೇರಿದೆಯೇ ಎಂಬುದೂ ಈಗ ಸಣ್ಣ ವಿಷಯವಲ್ಲ. 2026ರ ಜನವರಿಯಿಂದ ಅಮೆರಿಕದ ನಿವಾಸಿಗಳಲ್ಲದ, 16 ವರ್ಷ ತುಂಬಿದ ಪ್ರತಿಯೊಬ್ಬರಿಗೂ ಮಾಮೂಲಿ ಶುಲ್ಕದ ಮೇಲೆ 100 ಡಾಲರ್ ಹೆಚ್ಚುವರಿ ಹಾಕಿದ್ದಾರೆ. ವಿಸಿಟರ್ ವೀಸಾದಲ್ಲಿ ಹೋದ ಅಪ್ಪ–ಅಮ್ಮನಿಗೆ ಇದು ತಗಲುತ್ತದೆ. ಇನ್ನೂ ಒಂದೆರಡು ಪಾರ್ಕ್ ನೋಡುವ ಯೋಚನೆಯಿದ್ದರೆ 250 ಡಾಲರಿನ ವಾರ್ಷಿಕ ಪಾಸ್ ಲಾಭ.

ಊರಲ್ಲೇ ಕಾಲು ಪಳಗಿಸಿ

ಹೊರಡುವ ಎರಡು ತಿಂಗಳ ಮುಂಚೆಯೇ ಶುರು ಮಾಡಿ. ಬಳ್ಳಾರಿಯವರಿಗೆ ಕೋಟೆಗುಡ್ಡ, ಕೊಪ್ಪಳದವರಿಗೆ ಅಂಜನಾದ್ರಿ, ರಾಯಚೂರಿನವರಿಗೆ ಅಲ್ಲಿನ ಕೋಟೆಬೆಟ್ಟ ಕೈಯಳತೆಯಲ್ಲೇ ಇವೆ. ಅಂಜನಾದ್ರಿಯ 575 ಮೆಟ್ಟಿಲುಗಳನ್ನು ಒಂದೊಂದು ಆರೇಳು ಅಂಗುಲ ಎಂದು ಹಿಡಿದರೆ ಸೀಡರ್ ರಿಡ್ಜ್‌ನಿಂದ ಮೇಲೆ ಬರುವುದು ಹನುಮಪ್ಪನ ದರ್ಶನ ಮೂರೂವರೆ ಸಲ ಮಾಡಿದಂತೆ, ಅದೂ ಗಾಳಿ ತೆಳುವಾಗಿರುವ ಎತ್ತರದಲ್ಲಿ. ಬೆಳಿಗ್ಗೆ ಒಂದು ಸಲ ಹತ್ತಿ ಇಳಿಯಿರಿ, ಕೂತು ನೀರು ಕುಡಿಯಿರಿ, ಮತ್ತೆ ಹತ್ತಿ. ಆ ಎರಡನೇ ಏರಿಕೆಯಲ್ಲಿ ಉಸಿರು ಹೇಗಿರುತ್ತದೋ ನೋಡಿಕೊಳ್ಳಿ. ಮಾತಾಡುತ್ತ ಹತ್ತಲು ಆಗುತ್ತಿದ್ದರೆ ಗತಿ ಸರಿಯಿದೆ. ಮಾತು ತುಂಡಾಗುತ್ತಿದ್ದರೆ ನಿಧಾನ ಮಾಡಬೇಕು. ಕಣಿವೆಯಲ್ಲೂ ಗೈಡ್ ಇದೇ ಪರೀಕ್ಷೆ ಮಾಡುತ್ತಾರೆ, ಸುಮ್ಮನೆ ಕಥೆ ಕೇಳುತ್ತಿದ್ದಾರೆ ಎಂದುಕೊಳ್ಳಬೇಡಿ. ಶೂ ಹೊಸದಾದರೆ ಇಲ್ಲೇ ಹಾಕಿ ತಿರುಗಿ, ಹಿಮ್ಮಡಿ ಬೊಬ್ಬೆ ಇಲ್ಲೇ ಆಗಿ ಮುಗಿಯಲಿ. ಬಿ.ಪಿ.ಗೆ, ಸಕ್ಕರೆ ಕಾಯಿಲೆಗೆ ಮಾತ್ರೆ ತೆಗೆದುಕೊಳ್ಳುವವರು ವೈದ್ಯರನ್ನು ಕೇಳಿಯೇ ಹೊರಡಿ. ಮೂತ್ರ ಹೆಚ್ಚಿಸುವ ಮಾತ್ರೆ ನುಂಗುವವರಂತೂ ಉಪ್ಪು–ನೀರಿನ ವಿಷಯ ಬಿಡಿಸಿ ಕೇಳಬೇಕು.

ಚೀಲದಲ್ಲಿ ಏನಿರಲಿ

ತಲಾ ಮೂರು ಲೀಟರ್ ನೀರು. ಅದರ ಜೊತೆ ಉಪ್ಪಿನ ತಿಂಡಿ, ಇದು ನೀರಿನಷ್ಟೇ ಮುಖ್ಯ. ಬೆವರಿನಲ್ಲಿ ಉಪ್ಪು ಹೋಗುತ್ತಿರುವಾಗ ಬರೀ ನೀರನ್ನೇ ಕುಡಿಯುತ್ತ ಹೋದರೆ ರಕ್ತದ ಸೋಡಿಯಂ ಇಳಿದು ವಾಂತಿ, ತಲೆನೋವು, ಗೊಂದಲ ಶುರುವಾಗುತ್ತದೆ. ನೋಡಿದವರು ನೀರು ಸಾಲದೆಂದು ಇನ್ನಷ್ಟು ಕುಡಿಸಿ ಕೆಡಿಸುತ್ತಾರೆ. ಹೊಲಕ್ಕೆ ಹೋಗುವವರ ಬುತ್ತಿಯಲ್ಲಿ ಉಪ್ಪು ಹಾಕಿದ ಮಜ್ಜಿಗೆ ಇರುವುದು ಸುಮ್ಮನೆ ಅಲ್ಲ. ಕಣಿವೆಗೆ ಮಜ್ಜಿಗೆ ಒಯ್ಯಲಾಗದು, ಓ.ಆರ್.ಎಸ್. ಪುಡಿ ಒಯ್ಯಬಹುದು. ಗೈಡ್ ಕೊಡುವ ಸ್ಯಾಂಡ್‌ವಿಚ್ ಎಷ್ಟೋ ಜನಕ್ಕೆ ಗಂಟಲಲ್ಲಿ ಇಳಿಯುವುದಿಲ್ಲ. ಖಡಕ್ ಜೋಳದ ರೊಟ್ಟಿ, ಶೇಂಗಾ ಚಟ್ನಿಪುಡಿ ಇಟ್ಟುಕೊಂಡರೆ ಹೊಟ್ಟೆಯೂ ತುಂಬೀತು, ಉಪ್ಪೂ ಸೇರೀತು. ಅಗಲ ಅಂಚಿನ ಟೋಪಿ, ತುಂಬುತೋಳಿನ ತೆಳು ಅಂಗಿ, ಅದರ ಮೇಲೊಂದು ಸ್ವೆಟರ್. ಸೀರೆಯಲ್ಲಿ ನಡೆಯುವುದು ಈ ದಾರಿಗೆ ಆಗದು, ಚೂಡಿದಾರ ಅಥವಾ ಪ್ಯಾಂಟ್ ಇರಲಿ. ಕಿತ್ತಳೆ ಸಿಪ್ಪೆಯನ್ನೂ ಅಲ್ಲಿ ಎಸೆಯುವಂತಿಲ್ಲ, ಅದಕ್ಕೊಂದು ಕವರ್.

ಆ ದಿನ

ಬೇಸಿಗೆಯಲ್ಲಿ ಬೆಳಕು ಹರಿಯುವಾಗಲೇ ದಾರಿಯಲ್ಲಿರಬೇಕು. ಹತ್ತರಿಂದ ನಾಲ್ಕರವರೆಗೆ ಬಿಸಿಲಿನಲ್ಲಿ ನಡೆಯಬಾರದು. ನಸುಕಿಗೆ ಹೊಲಕ್ಕೆ ಹೋಗಿ, ಹೊತ್ತೇರುವ ಮೊದಲು ಬೇವಿನ ನೆರಳು ಸೇರುವ ನಮ್ಮ ರೈತರ ಪದ್ಧತಿಯನ್ನೇ ಅಲ್ಲಿ ರೇಂಜರ್‌ಗಳು ಫಲಕ ಹಾಕಿ ಹೇಳುತ್ತಾರೆ. ಸೌತ್ ಕೈಬಾಬ್‌ನ ಬಾಯಿಗೆ ಖಾಸಗಿ ಕಾರು ಬಿಡುವುದಿಲ್ಲ. ಪಾರ್ಕ್‌ನ ಉಚಿತ ಬಸ್ ಇದೆ, ಗೈಡ್ ಇದ್ದರೆ ಅವರೇ ವ್ಯವಸ್ಥೆ ನೋಡಿಕೊಳ್ಳುತ್ತಾರೆ.

ಇಳಿಯುವ ಮೊದಲು ಗೈಡ್ ಎದುರೇ ಮನೆಯವರೆಲ್ಲ ಸೇರಿ ತಿರುಗುವ ಹೊತ್ತನ್ನು ಗೊತ್ತು ಮಾಡಿ. ಜಾಗ ಬಂದಿರಲಿ, ಬಿಡಲಿ, ಆ ಹೊತ್ತಿಗೆ ತಿರುಗುವುದು. ನೀರಿನಲ್ಲಿ ಮೂರರಲ್ಲಿ ಒಂದು ಪಾಲು ಮಾತ್ರ ಇಳಿಯಲು, ಎರಡು ಪಾಲು ಏರಲು. ‘ಇಲ್ಲೇ ಐತಲ್ಲ, ಆ ತಿರುವು ನೋಡ್ಕೊಂಡ್ ಬರೋಣ’ ಎಂಬ ಮಾತು ಅಳಿಯನಿಂದಲೇ ಬಂದರೂ ಒಪ್ಪಬೇಡಿ.

ಹೇಸರಗತ್ತೆಗಳ ಸಾಲು ಎದುರಾದರೆ ಕಣಿವೆಯ ಬದಿ ಬಿಟ್ಟು ಗುಡ್ಡದ ಬದಿಗೆ ಸರಿದು ಅಲ್ಲಾಡದೆ ನಿಲ್ಲಿ, ನಡೆಸುವವರು ಹೇಳಿದಂತೆ ಕೇಳಿ. ಏರಿ ಬರುವವರಿಗೆ ಇಳಿಯುವವರು ದಾರಿ ಬಿಡುವುದು ಅಲ್ಲಿನ ರೂಢಿ. ಅಳಿಲು ಮುದ್ದಾಗಿದೆ ಎಂದು ಶೇಂಗಾ ಕೊಡಲು ಹೋಗಬೇಡಿ, ಕಚ್ಚುತ್ತದೆ, ದಂಡವೂ ಬೀಳುತ್ತದೆ.

ಗೈಡ್‌ಗೆ ಕೊಟ್ಟ ದುಡ್ಡು ಸಾರ್ಥಕವಾಗುವುದು ಬಂಡೆಗಳ ವಿಷಯದಲ್ಲಿ. ಮೇಲಿನ ಬಿಳಿ ಸುಣ್ಣಕಲ್ಲು ಸುಮಾರು 27 ಕೋಟಿ ವರ್ಷ ಹಳೆಯ ಸಮುದ್ರದ ತಳ. ಸ್ವಲ್ಪ ಕೆಳಗಿನ ತಿಳಿಹಳದಿ ಮರಳುಗಲ್ಲು ಒಂದು ಕಾಲದ ಮರುಭೂಮಿಯ ಮರಳುದಿಬ್ಬ. ಗಾಳಿ ಒಟ್ಟಿದ ಓರೆ ಪದರಗಳು ಇಂದಿಗೂ ಗೋಡೆಯಲ್ಲಿ ಕಾಣುತ್ತವೆ. ಕಣಿವೆಯೊಳಗಿನ ಶಿಖರಗಳಿಗೆ ಶಿವ, ವಿಷ್ಣು, ಬ್ರಹ್ಮ ಎಂಬ ಹೆಸರುಗಳಿವೆ. 1880ರ ದಶಕದಲ್ಲಿ ಕ್ಲಾರೆನ್ಸ್ ಡಟನ್ ಎಂಬ ಭೂವಿಜ್ಞಾನಿ ಪೂರ್ವದೇಶದ ದೇವಾಲಯಗಳ ನೆನಪಿನಲ್ಲಿ ಶುರುಮಾಡಿದ ಪದ್ಧತಿ ಅದು. ತಳದ ಕಪ್ಪು ಬಂಡೆಯ ಹೆಸರೂ ವಿಷ್ಣು ಶಿಸ್ಟ್, ವಯಸ್ಸು 170 ಕೋಟಿ ವರ್ಷಕ್ಕೂ ಮೇಲೆ. ಇದನ್ನು ಗೈಡ್ ಹೆಮ್ಮೆಯಿಂದ ಹೇಳುವಾಗ ನೀವೂ ಒಂದು ಮಾತು ಸೇರಿಸಬಹುದು: ನಮ್ಮ ಸಂಡೂರಿನ ಗುಡ್ಡದ ಕಲ್ಲು 250 ಕೋಟಿ ವರ್ಷಕ್ಕೂ ಹಳೆಯದು.

ಏರುವಾಗ ಗುಂಪಿನಲ್ಲಿ ಎಲ್ಲರಿಗಿಂತ ನಿಧಾನವಾಗಿ ನಡೆಯುವವರು ಮುಂದಿರಲಿ. ಅರ್ಧ ಗಂಟೆಗೊಮ್ಮೆ ನೆರಳು ಸಿಕ್ಕಲ್ಲಿ ಕೂತು, ಕಾಲು ಚಾಚಿ, ಎರಡು ತುತ್ತು ತಿನ್ನಿ. ಬೇಸಿಗೆಯಲ್ಲಿ ಅಂಗಿ, ಟೋಪಿಗೆ ನೀರು ಚಿಮುಕಿಸಿಕೊಳ್ಳುವುದು ವ್ಯರ್ಥವಲ್ಲ, ಒಣಹವೆಯಲ್ಲಿ ಅದು ಮೈ ತಣಿಸುತ್ತದೆ. ಯಾರಾದರೂ ತೊದಲಿದರೆ, ತೂರಾಡಿದರೆ, ಊಟ ಬೇಡವೆಂದರೆ ಮುಚ್ಚಿಡಬೇಡಿ, ಗೈಡ್‌ಗೆ ತಕ್ಷಣ ಹೇಳಿ. ‘ಅವ್ರಿಗ್ಯಾಕ್ ತೊಂದ್ರಿ’ ಎಂಬ ನಮ್ಮ ಸಂಕೋಚ ಅಲ್ಲಿ ಕೆಲಸಕ್ಕೆ ಬಾರದು.

ಮೇಲೆ ಬಂದ ಮೇಲೆ ಗೈಡ್‌ಗೆ ಟೂರ್ ದರದ ಶೇ 15ರಿಂದ 20ರಷ್ಟು ಟಿಪ್ ಕೊಡುವುದು ಅಲ್ಲಿನ ವಾಡಿಕೆ. ಬಜೆಟ್ ಹಾಕುವಾಗಲೇ ಸೇರಿಸಿಕೊಳ್ಳಿ. ಮರುದಿನ ತೊಡೆ, ಮೀನಖಂಡ ಹಿಡಿದುಕೊಂಡಿರುತ್ತವೆ. ಆ ದಿನ ಕಾರಿನಲ್ಲಿ ಕೂರುವ ಕೆಲಸವನ್ನೇ ಇಟ್ಟುಕೊಳ್ಳಿ. ವೇಗಾಸ್ ಕಡೆಗೆ ಹೋಗುವುದಾದರೆ ಇದೇ ಕೊಲೊರಾಡೊ ನದಿಗೆ ಕಟ್ಟಿದ ಹೂವರ್ ಡ್ಯಾಮ್ ದಾರಿಯಲ್ಲೇ ಸಿಗುತ್ತದೆ. ಟಿ.ಬಿ. ಡ್ಯಾಮ್ ನೋಡುತ್ತ ಬೆಳೆದವರು ತಪ್ಪಿಸಬಾರದು, ಅಲ್ಲಿ ಹೆಚ್ಚು ನಡೆಯುವುದೂ ಇಲ್ಲ.